ಔಟ್‌ಲುಕ್ ಪಾಠಾಂತರ ಮೀಮಾಂಸೆ: ಹರದನಹಳ್ಳಿ ಆಕರಗಳ ಬೆಳಕಿನಲ್ಲಿ

ಕವಿಕಾಲ ನಿರ್ಣಯದಲ್ಲಿ ತಲೆಗೂದಲು ಕಳೆದುಕೊಂಡ ನಮ್ಮ ವಿದ್ವಾಂಸರು, ಕೇಳದೆ ಬಂದು ಕಂಪ್ಯೂಟರಿನಲ್ಲಿ ಕೂರುವ ಇಮೇಲ್ ತಂತ್ರಾಂಶದ ಹೊಸ ಆವೃತ್ತಿಯ ಬಗ್ಗೆ ಒಂದು ಅಡಿಟಿಪ್ಪಣಿಯನ್ನೂ ಬರೆದಿಲ್ಲವೆಂಬುದು ಖೇದಕರ. ಡಿ.ಎಲ್. ನರಸಿಂಹಾಚಾರ್ಯರ ‘ಕನ್ನಡ ಗ್ರಂಥಸಂಪಾದನೆ’ಯಲ್ಲಿ ಔಟ್‌ಲುಕ್ಕಿನ ಪ್ರಸ್ತಾಪವೇ ಇಲ್ಲ. ಆಚಾರ್ಯರು 1971ರಲ್ಲೇ ತೀರಿಕೊಂಡರೆಂಬ ಸಬೂಬನ್ನು ಶುದ್ಧ ಸಂಶೋಧನೆ ಒಪ್ಪುವುದಿಲ್ಲ.

ಅಧ್ಯಯನಕ್ಕೆ ಹರದನಹಳ್ಳಿಯನ್ನು ಆಯ್ದುಕೊಂಡದ್ದು ಚಾಮರಾಜನಗರದಿಂದ ಬಸ್ಸು ಸಿಗುತ್ತದೆಂದಲ್ಲ. ದಿವ್ಯಲಿಂಗೇಶ್ವರನ ಈ ಊರು ಗೋಸಲ ಚನ್ನಬಸವೇಶ್ವರರ ನೆಲೆ. ಅವರ ಶಿಷ್ಯರು ಎಡೆಯೂರಿನ ತೋಂಟದ ಸಿದ್ಧಲಿಂಗರು. ಆ ಪರಂಪರೆಯ ಗೂಳೂರು ಸಿದ್ಧವೀರಣ್ಣೊಡೆಯರು ‘ಶೂನ್ಯಸಂಪಾದನೆ’ಯ ನಾಲ್ಕನೆಯ ಆವೃತ್ತಿ ಕಟ್ಟಿದರು. ಮೊದಲನೆಯದು ಶಿವಗಣಪ್ರಸಾದಿ ಮಹಾದೇವಯ್ಯನದು, ಎರಡನೆಯದು ಹಲಗೆಯಾರ್ಯನದು, ಮೂರನೆಯದು ಗುಮ್ಮಳಾಪುರದ ಸಿದ್ಧಲಿಂಗರದು. ಇಲ್ಲಿ ಸೂಕ್ಷ್ಮವೊಂದಿದೆ. ಗೂಳೂರಿನವರ ಪ್ರತಿ ಸಿದ್ಧವಾದ ರಾತ್ರಿ ಮಹಾದೇವಯ್ಯನ ಓಲೆಗರಿಗಳು ಮಠದ ಪೆಟ್ಟಿಗೆಯಿಂದ ಮಾಯವಾಗಲಿಲ್ಲ. ಹಲಗೆಯಾರ್ಯನನ್ನು ಓದುತ್ತಿದ್ದವನ ಮುಂದೆ ‘ಈ ಆವೃತ್ತಿಗೆ ಬೆಂಬಲ ನಿಂತಿದೆ’ ಎಂದು ಯಾರೂ ಹಲಗೆ ತೂಗುಹಾಕಲಿಲ್ಲ. ನಾಲ್ಕೂ ಇವತ್ತಿಗೆ ಅಚ್ಚಾಗಿವೆ. ಬೇಕಾದವರು ಬೇಕಾದ್ದನ್ನು ಓದುತ್ತಾರೆ.

ಇನ್ನು ಔಟ್‌ಲುಕ್ ವಂಶಾವಳಿ. ಇದರ ಮುಂದೆ ಗಂಗರದು ಬಲು ಸರಳ. 1997ರ ಆಫೀಸಿನೊಡನೆ ಬಂದ ಔಟ್‌ಲುಕ್ ಬೇರೆ, ವಿಂಡೋಸ್ 98ರ ಕಾಲದ ಔಟ್‌ಲುಕ್ ಎಕ್ಸ್‌ಪ್ರೆಸ್ ಬೇರೆ. ಇಬ್ಬರು ನಾಗವರ್ಮರ ಪ್ರಕರಣವನ್ನು ಬಲ್ಲವರಿಗೆ ವಿವರಿಸಬೇಕಿಲ್ಲ. ಎಕ್ಸ್‌ಪ್ರೆಸ್ಸಿನ ಗಾದಿಗೆ ವಿಸ್ಟಾದಲ್ಲಿ ವಿಂಡೋಸ್ ಮೇಲ್, ಆಮೇಲೆ ವಿಂಡೋಸ್ ಲೈವ್ ಮೇಲ್, ವಿಂಡೋಸ್ 10ರಲ್ಲಿ ಬರೀ ಮೇಲ್. 2024ರ ಡಿಸೆಂಬರ್ 31ಕ್ಕೆ ಅದರ ಬೆಂಬಲವೂ ಮುಗಿದು ‘ಹೊಸ ಔಟ್‌ಲುಕ್’ ಪಟ್ಟಕ್ಕೆ ಬಂತು. 2025ರ ಫೆಬ್ರವರಿಯಲ್ಲಿ ಭದ್ರತಾ ಅಪ್‌ಡೇಟಿನ ಬೆನ್ನಿಗೆ ಕಟ್ಟಿಕೊಂಡು ವಿಂಡೋಸ್ 10ರ ಯಂತ್ರಗಳಿಗೆ ತಾನಾಗಿಯೇ ಇಳಿಯಿತು. ಬೇರೆ ವಂಶದ ಇಮೇಲ್ ತಂತ್ರಾಂಶಗಳಲ್ಲಿ, 2004ರಲ್ಲಿ 1.0 ಆದ ಥಂಡರ್‌ಬರ್ಡ್ ಸಾಧುವೆಂಬ ಪ್ರತೀತಿಯಿತ್ತು. 2023ರ 115ನೆಯ ಆವೃತ್ತಿಯಲ್ಲಿ ಅದೂ ಮುಖಚಹರೆ ಬದಲಿಸಿತು. 1988ರಲ್ಲಿ ಸ್ಟೀವ್ ಡಾರ್ನರ್ ಬರೆದ ಯುಡೋರಾ ಒಂದಕ್ಕೇ ಈಗ ಅಪ್‌ಡೇಟಿನ ಬಾಧೆಯಿಲ್ಲ. 2018ರಲ್ಲಿ ಅದರ ಮೂಲಸಂಕೇತವನ್ನು ಮ್ಯೂಸಿಯಂ ಒಂದು ಸಾರ್ವಜನಿಕರಿಗೆ ಬಿಟ್ಟುಕೊಟ್ಟಿತು. ಸತ್ತ ಮೇಲೆ ಯಾರಿಗೂ ಬಾಧೆಯಿರುವುದಿಲ್ಲ.

ಕ್ಷೇತ್ರಕಾರ್ಯಕ್ಕೆ ಬಾಳೆಕಾಯಿ ಮಂಡಿಯೊಂದರ ಲೆಕ್ಕಿಗರ ಕಂಪ್ಯೂಟರನ್ನು ಆಕರವಾಗಿ ಹಿಡಿದು ಅದಕ್ಕೆ ‘ಹ’ ಪ್ರತಿಯೆಂದು ಹೆಸರಿಡಲಾಯಿತು. ಅದರಲ್ಲಿದ್ದ ತಂತ್ರಾಂಶ ಯಾವ ಕಂಪನಿಯದೆಂದು ಹೇಳುವುದು ವಿದ್ವತ್ ಶಿಷ್ಟಾಚಾರವಲ್ಲ. ಅಪ್‌ಡೇಟ್ ಒತ್ತಿದವರಾರು ಎಂಬಲ್ಲಿ ಭಿನ್ನಾಭಿಪ್ರಾಯವಿದೆ: ಲೆಕ್ಕಿಗರು ತಾವಲ್ಲ ಎನ್ನುತ್ತಾರೆ, ಮೊಮ್ಮಗ ಆ ದಿನ ಊರಲ್ಲೇ ಇರಲಿಲ್ಲವಂತೆ. ಸದ್ಯಕ್ಕೆ ಅಜ್ಞಾತಕರ್ತೃಕ. ಎಡಗಡೆ ಸಾಲಾಗಿ ನಿಂತಿದ್ದ ‘ಕೊಯಮತ್ತೂರು ಪಾರ್ಟಿ’, ‘ಲಾರಿ ಬಾಡಿಗೆ’, ‘ಜಿಎಸ್‌ಟಿ’ ಫೋಲ್ಡರುಗಳು ಒಂದರೊಳಗೊಂದು ಮಡಚಿಕೊಂಡು ಕಣ್ಮರೆ. ಒತ್ತೊತ್ತಾಗಿದ್ದ ಪತ್ರಗಳೆಲ್ಲ ದೂರ ದೂರ ಸರಿದು ಕುಳಿತು, ಒಂದೊಂದರ ಪಕ್ಕದಲ್ಲೂ ಕಳಿಸಿದವರ ಹೆಸರಿನ ಮೊದಲಕ್ಷರ ಹೊತ್ತ ಬಣ್ಣದ ಬಿಲ್ಲೆ. ಪ್ರಿಂಟ್ ಗುಂಡಿ ಮೂರು ಚುಕ್ಕಿಯ ಗರ್ಭದೊಳಗೆ. ಪ್ರಾಚೀನ ಕಾವ್ಯದ ಅಚ್ಚಿನಲ್ಲಿ ಮೂರು ಚುಕ್ಕಿ ಕಂಡರೆ ಗರಿ ಮುರಿದು ಅಕ್ಷರ ನಷ್ಟವಾಗಿದೆ ಎಂದು ತಿಳಿಯಬೇಕು, ಇಲ್ಲೂ ಹಾಗೇ. ಲೆಕ್ಕಿಗರ ಭಾಷ್ಯ ಹೀಗಿದೆ: “ಮಡಗಿದ್ದು ಮಡಗಿದ್ ಜಾಗ್ದಲ್ಲೇ ಇರ್ಬೇಕು ಕನ ಬುದ್ದಿ. ಇಲ್ಲಾಂದ್ರ ಅದು ಅಪ್ಡೇಟಲ್ಲ, ಕಳ್ತನ.” ಇದಕ್ಕಿಂತ ಖಾರವಾದ ಪಾಠಾಂತರವೂ ಉಂಟು, ಸಂಪಾದಕರು ಕೈಬಿಟ್ಟಿದ್ದಾರೆ.

ಪ್ರಕ್ಷಿಪ್ತಗಳ ವಿಚಾರಕ್ಕೆ ಬಂದರೆ, ಹೊಸ ಔಟ್‌ಲುಕ್ಕಿನ ಪುಕ್ಕಟೆ ಖಾತೆಯಲ್ಲಿ ಪತ್ರಗಳ ಸಾಲಿನಲ್ಲೇ ಪತ್ರದ ವೇಷ ಹಾಕಿದ ಜಾಹೀರಾತು ಬಂದು ಕೂರುತ್ತದೆ. ಕುಮಾರವ್ಯಾಸನಲ್ಲಿ ಯಾರೋ ತುರುಕಿದ ಪದ್ಯವನ್ನು ಹಿಡಿಯಲು ಶೈಲಿ, ಛಂದಸ್ಸು ನೋಡಬೇಕಾದೀತು. ಇಲ್ಲಿ ಅಷ್ಟು ಶ್ರಮವಿಲ್ಲ, ಪ್ರಕ್ಷಿಪ್ತವೇ ಮೇಲೆಬಿದ್ದು ಸಾಮಾನು ಮಾರುತ್ತದೆ. ಹಳೆಯ ಔಟ್‌ಲುಕ್ ಪತ್ರಗಳನ್ನೆಲ್ಲ ಕಟ್ಟಿಡುತ್ತಿದ್ದ ಪಿಎಸ್‌ಟಿ ಕಡತವನ್ನು ಹೊಸದು ಆರಂಭದಲ್ಲಿ ತೆರೆಯುತ್ತಲೇ ಇರಲಿಲ್ಲ. ಆಮೇಲೆ ಓದಲು ಮಾತ್ರ ಬಿಟ್ಟಿತು. ಬೇರೆ ಕಂಪನಿಯ ಖಾತೆ ಜೋಡಿಸಿದರೆ ಆ ಪತ್ರಗಳ ಪ್ರತಿ ಮೈಕ್ರೋಸಾಫ್ಟಿನ ಸರ್ವರಿಗೂ ಹೋಗುತ್ತದೆ. ಲಿಪಿಕಾರ ನಕಲು ಮಾಡಿಕೊಟ್ಟು ತನ್ನ ಮನೆಗೂ ಒಂದು ಪ್ರತಿ ಒಯ್ದ ಉದಾಹರಣೆ ಓಲೆಗರಿಯ ಕಾಲದಲ್ಲಿ ಇದ್ದರೂ ಇದ್ದೀತು, ಆದರೆ ಅವನು ಅದನ್ನು ಸೌಲಭ್ಯವೆಂದು ಕರೆಯಲಿಲ್ಲ.

ಪೂರ್ವಪಕ್ಷದವರು ಇದೆಲ್ಲ ಸ್ಥಳದೋಷ ಎನ್ನುತ್ತಾರೆ: ಚಾಮರಾಜನಗರಕ್ಕೆ ಕಾಲಿಟ್ಟ ಮುಖ್ಯಮಂತ್ರಿಯೇ ಕುರ್ಚಿ ಕಳೆದುಕೊಳ್ಳುವಾಗ ಲೆಕ್ಕಿಗರ ಫೋಲ್ಡರ್ ಯಾವ ಲೆಕ್ಕ? ಈ ವಾದ ನಿಲ್ಲದು. ಸಿದ್ದರಾಮಯ್ಯನವರು ಮತ್ತೆ ಮತ್ತೆ ಬಂದುಹೋಗಿಯೂ 2013ರಿಂದ 2018ರವರೆಗೆ ಅವಧಿ ಪೂರೈಸಿದರು. ಬದಲಾವಣೆಯನ್ನೇ ಒಲ್ಲದ ಊರಿದು ಎಂಬ ಇನ್ನೊಂದು ವಾದವೂ ಬೀಳುತ್ತದೆ. ಅರಿಕುಠಾರವನ್ನು ಮುಮ್ಮಡಿ ಕೃಷ್ಣರಾಜ ಒಡೆಯರು ತಂದೆಯ ಹೆಸರಿನಲ್ಲಿ ಚಾಮರಾಜನಗರ ಮಾಡಿದಾಗ ಜನ ಒಪ್ಪಿಕೊಂಡರು, ಏಕೆಂದರೆ ಮಾರನೆಯ ದಿನ ಎದ್ದಾಗ ಬಾವಿ ಇದ್ದಲ್ಲೇ ಇತ್ತು. ಹರದನಹಳ್ಳಿ ಫಾರಂನಲ್ಲಿ ಕೃಷಿ ವಿಜ್ಞಾನ ಕೇಂದ್ರವೂ ಇದೆ. ಹೊಸ ತಳಿ ಬಂದರೆ ಮೊದಲು ಪ್ರಾತ್ಯಕ್ಷಿಕೆ, ರೈತ ನೋಡಿ ಒಪ್ಪಿದರೆ ಬಿತ್ತನೆ. ರಾತ್ರೋರಾತ್ರಿ ಹೊಲಕ್ಕೆ ನುಗ್ಗಿ ಅರಿಸಿನ ಕಿತ್ತು ಬೇರೇನೋ ನೆಟ್ಟು, ಬೆಳಿಗ್ಗೆ ‘ನಿಮ್ಮ ಅನುಭವಕ್ಕೆ ಎಷ್ಟು ನಕ್ಷತ್ರ?’ ಎಂದು ಯಾವ ವಿಜ್ಞಾನಿಯೂ ಕೇಳಿದ ದಾಖಲೆಯಿಲ್ಲ.

ಹರದನಹಳ್ಳಿಯ ಶಾಸನಗಳು ಎಪಿಗ್ರಾಫಿಯ ಕರ್ನಾಟಿಕದ 4ನೆಯ ಸಂಪುಟದಲ್ಲಿವೆ. ನಮ್ಮ ದತ್ತಿಶಾಸನಗಳ ವಾಡಿಕೆಯಂತೆ, ಕೊಟ್ಟದ್ದನ್ನು ಅಳಿಪಿದವನಿಗೆ ಗಂಗೆಯ ತಡಿಯಲ್ಲಿ ಕವಿಲೆಯನ್ನು ಕೊಂದ ಪಾಪ. ತಂತ್ರಾಂಶದ ಪರವಾನಗಿ ಪತ್ರದಲ್ಲಿ ಈ ಶಾಪಾಶಯ ತಿರುಗುಮುರುಗಾಗಿದೆ: ಕೊಟ್ಟವನು ಯಾವಾಗ ಬೇಕಾದರೂ ಬದಲಿಸಬಹುದು, ದೋಷವೆಲ್ಲ ‘ಒಪ್ಪಿದ್ದೇನೆ’ ಒತ್ತಿದವನಿಗೆ. ಒತ್ತುವ ಮುನ್ನ ಅದನ್ನು ಪೂರ್ತಿ ಓದಿದವರು ಈ ಸಂಶೋಧನೆಗೆ ಸಿಗಲಿಲ್ಲ.

ಪರಿಹಾರೋಪಾಯಗಳಲ್ಲಿ ಅತ್ಯಂತ ಪ್ರಾಚೀನವಾದದ್ದು ನೆಟ್ ವಯರ್ ಕೀಳುವುದು. ಇಮೇಲೂ ಬರುವುದಿಲ್ಲವೆಂಬುದೊಂದೇ ಅದರ ಕೊರತೆ. ವಿಂಡೋಸ್ 10ರಲ್ಲಿ ಅಪ್‌ಡೇಟನ್ನು 35 ದಿನ ತಡೆಹಿಡಿಯಬಹುದು, ಆದರೆ ಮಂಡಲಕ್ಕೆ 48 ದಿನ ಬೇಕಾದ್ದರಿಂದ ವ್ರತ ಪೂರ್ತಿಯಾಗದು. ಆಫೀಸಿನ ಹಳೆಯ ಔಟ್‌ಲುಕ್ ಉಳ್ಳವರು ಗಾಬರಿಯಾಗಬೇಕಿಲ್ಲ. ಕನಿಷ್ಠ 2029ರವರೆಗೆ ಬೆಂಬಲವಿದೆಯೆಂದು ಮೈಕ್ರೋಸಾಫ್ಟೇ ಹೇಳಿದೆ, ‘ಹೊಸದನ್ನು ಬಳಸಿ ನೋಡಿ’ ಎಂಬ ಗುಂಡಿಯನ್ನು ರಿಜಿಸ್ಟ್ರಿಯಲ್ಲಿ ಮರೆಮಾಡಲೂ ಬರುತ್ತದೆ. ಥಂಡರ್‌ಬರ್ಡ್‌ನಲ್ಲಿ ಇಎಸ್‌ಆರ್ ಎಂಬ ಶಾಖೆ ಹಿಡಿದರೆ ದೊಡ್ಡ ಬದಲಾವಣೆ ವರ್ಷಕ್ಕೊಮ್ಮೆ, ನಡುವೆ ಭದ್ರತೆಯ ತೇಪೆ ಮಾತ್ರ. ಆ ತೇಪೆಗಳನ್ನು ಬೇಡವೆನ್ನುವುದು ಮೂರ್ಖತನ. ಕಳ್ಳರು ಹಳೆಯ ಬೀಗವನ್ನೇ ಹುಡುಕುವುದು. ಆದರೆ ಒಂದು ಸಲ ಹೊಸ ಥಂಡರ್‌ಬರ್ಡ್ ತೆರೆದ ಪ್ರೊಫೈಲನ್ನು ಹಳೆಯದು ಮತ್ತೆ ತೆರೆಯಲು ಒಪ್ಪುವುದಿಲ್ಲ. ಆದ್ದರಿಂದ ಓದುಗರಲ್ಲಿ ವಿನಂತಿ: ಅಪ್‌ಡೇಟ್ ಒತ್ತುವ ಮೊದಲು ಆ ಪ್ರೊಫೈಲ್ ಫೋಲ್ಡರನ್ನೋ ಪಿಎಸ್‌ಟಿ ಕಡತವನ್ನೋ ಒಂದು ಪೆನ್‌ಡ್ರೈವಿಗೆ ನಕಲು ಮಾಡಿ ಬೀರುವಿನಲ್ಲಿಡಿ, ಮೊಮ್ಮಗ ಊರಲ್ಲಿಲ್ಲದ ದಿನ ನೋಡಿಕೊಂಡು.