ಎಂಬತ್ತು ರೂಪಾಯಿ ಕಿಲೋ ಮಣ್ಣು

ಕೊರಿಯರ್ ಹುಡುಗ ಚೀಲ ಇಳಿಸಿ, ಓಟಿಪಿ ಕೇಳಿಕೊಂಡು ಹೋದ. ಅವ್ವ ಅದರ ಸುತ್ತ ಒಂದು ಸುತ್ತು ಹಾಕಿ, ಕಾಲಿನಿಂದ ಮೆಲ್ಲಗೆ ತಿವಿದು ನೋಡಿದಳು.

“ಏನವಾ ಇದು, ಸಿಮಿಟಾ?”

“ಅಲ್ಲ ಆಯಿ, ಲಿಟರ್. ಲಾಟೆ ಸಲುವಾಗಿ ತರಿಸೇನಿ,” ಅಂದಳು ಅಕ್ಕನ ಮಗಳು.

“ಎಷ್ಟ ಲೀಟರ್?”

“ಐದ ಕೆಜಿ.”

“ಲೀಟರ್ ಕೆಜಿದಾಗ ಯಾವಾಗಿಂದ ತೂಗಾಕ ಹತ್ಯಾರ?”

“ಆಯಿ, ಅದು ಮಣ್ಣ ಐತಿ. ಬೆಕ್ಕಿಗೆ.”

“ಬೆಕ್ಕು ಮಣ್ಣ ತಿಂತೈತಿ?”

“ತಿನ್ನೂದಿಲ್ಲ. ಅದರಾಗ ಕುಂಡರತೈತಿ.”

ಅವ್ವ ಚೀಲವನ್ನೊಮ್ಮೆ, ಮೊಮ್ಮಗಳನ್ನೊಮ್ಮೆ ನೋಡಿದಳು. ಆಮೇಲೆ ನನ್ನ ಕಡೆ ತಿರುಗಿ, “ಯಾಕೋ ತಮ್ಮಾ, ಗೋಕಾಕದಾಗ ಮಣ್ಣ ತೀರೇತೇನ?” ಅಂದಳು.

ಹಿನ್ನೆಲೆ ಇಷ್ಟೇ. ಅಕ್ಕನ ಮಗಳಿಗೆ ಪುಣೆಯಲ್ಲಿ ಸಾಫ್ಟ್‌ವೇರ್ ಕೆಲಸ. ಮೂರು ತಿಂಗಳು ಮನೆಯಿಂದಲೇ ಕೆಲಸ ಮಾಡುತ್ತೇನೆಂದು ಗೋಕಾಕಕ್ಕೆ ಬಂದಿದ್ದಾಳೆ. ಜೊತೆಗೆ ಲ್ಯಾಪ್‌ಟಾಪ್ ಒಂದು, ಸೂಟ್‌ಕೇಸ್ ಎರಡು, ಪರ್ಷಿಯನ್ ಬೆಕ್ಕು ಒಂದು. ಕಾಫಿ ಬಣ್ಣದ್ದೆಂದು ಅದಕ್ಕೆ ಲಾಟೆ ಎಂದು ಹೆಸರಿಟ್ಟಿದ್ದಾಳೆ. ಅವ್ವನ ಬಾಯಲ್ಲಿ ಎರಡೇ ದಿನಕ್ಕೆ ಅದು ಲಾಟೀನು ಆಯಿತು. ಬೆಕ್ಕು ಎರಡೂ ಹೆಸರಿಗೆ ತಿರುಗಿ ನೋಡುವುದಿಲ್ಲ.

ಲೆಕ್ಕ ಹಾಕುವುದು ನನ್ನ ಹಳೆಯ ಚಟ. ಐದು ಕೆಜಿ ಚೀಲಕ್ಕೆ 400 ರೂಪಾಯಿ. ಒಂದು ಚೀಲ 12 ದಿನ ಬಾಳುತ್ತದೆ. ವರ್ಷಕ್ಕೆ 30 ಚೀಲ, ಒಂದೂವರೆ ಕ್ವಿಂಟಲ್ ಮಣ್ಣು, 12,000 ರೂಪಾಯಿ. ಈ ಮೊತ್ತ ಎಲ್ಲೋ ಕೇಳಿದಂತಿದೆಯಲ್ಲ ಅನಿಸಿತು. ಹೌದು, ಸ್ವಚ್ಛ ಭಾರತ ಯೋಜನೆಯಲ್ಲಿ ಹಳ್ಳಿಯ ಒಂದು ಕುಟುಂಬ ಶೌಚಾಲಯ ಕಟ್ಟಿಸಿಕೊಳ್ಳಲೆಂದು ಕೊಡುವ ಪ್ರೋತ್ಸಾಹಧನವೂ 12,000 ರೂಪಾಯಿಯೇ. ಅದು ಇಡೀ ಮನೆಗೆ, ಒಂದೇ ಸಲ. ಇದು ಒಂದು ಬೆಕ್ಕಿಗೆ, ವರ್ಷವರ್ಷವೂ. ಅಷ್ಟಕ್ಕೂ ಬೆಕ್ಕನ್ನು ದೂರುವಂತಿಲ್ಲ. ನಾನು ಕಂಡ ಕೆಲವು ಹಳ್ಳಿಯ ಶೌಚಾಲಯಗಳಲ್ಲಿ ಕುಳ್ಳು, ಕಟ್ಟಿಗೆ, ಹಳೇ ಸೈಕಲ್ಲು ವಾಸವಾಗಿವೆ. ಲಾಟೀನು ತನಗೆ ಮಂಜೂರಾದ ಡಬ್ಬಿಯನ್ನು ಒಂದು ದಿನವೂ ತಪ್ಪದೆ ಬಳಸುತ್ತದೆ. ಫಲಾನುಭವಿ ಅಂದರೆ ಹೀಗಿರಬೇಕು.

ಆ ವಾರವೇ ಮೂಡಲಗಿ ಕಡೆಯ ಗೆಳೆಯನೊಬ್ಬ ಬಂದ. ಎಂಟು ಎಕರೆ ಎರಿ ಹೊಲ, ಅದರಲ್ಲಿ ಐದು ಎಕರೆ ಕಬ್ಬು. 2025ರ ಅಕ್ಟೋಬರ್ ಕೊನೆಗೆ ಗುರ್ಲಾಪುರ ಕ್ರಾಸಿನಲ್ಲಿ ರಸ್ತೆ ಮೇಲೆ ಕೂತ ರೈತರಲ್ಲಿ ಇವನೂ ಇದ್ದ. ಕೇಳಿದ್ದು ಟನ್ನಿಗೆ 3,500. ವಾರಕ್ಕೂ ಹೆಚ್ಚು ದಿನ ಅಲ್ಲೇ ಉಂಡು ಅಲ್ಲೇ ಮಲಗಿದರು. ನವೆಂಬರ್ 7ರಂದು ಮುಖ್ಯಮಂತ್ರಿಗಳು ಬೆಂಗಳೂರಿನಲ್ಲಿ ಸಭೆ ನಡೆಸಿ 3,300 ಎಂದರು. ಕೆಜಿ ಲೆಕ್ಕಕ್ಕೆ ತಂದರೆ ಮೂರು ರೂಪಾಯಿ ಮೂವತ್ತು ಪೈಸೆ. ಅಷ್ಟು ದಿನ ರಸ್ತೆ ಬಂದಾಗಿದ್ದದ್ದು ಕೆಜಿಗೆ ಪೈಸೆಗಳ ಜಗ್ಗಾಟಕ್ಕೆ.

ವರ್ಷವಿಡೀ ನೀರು ಹಾಯಿಸಿ, ಗೊಬ್ಬರ ಹಾಕಿ, ನಡುರಾತ್ರಿ ಕರೆಂಟ್ ಬಂದಾಗ ಎದ್ದು ಹೋಗಿ ಬೆಳೆದ ಕಬ್ಬಿಗೆ 3.30. ಯಾರೂ ಬೆಳೆಯದ ಮಣ್ಣಿಗೆ 80. ಒಂದು ಟನ್ ಬೆಕ್ಕಿನ ಮಣ್ಣು ಕೊಳ್ಳಬೇಕಾದರೆ 24 ಟನ್ ಕಬ್ಬು ಮಾರಬೇಕು. ಈ ಲೆಕ್ಕವನ್ನು ಅವನೆದುರು ಹೇಳಬಾರದಿತ್ತು, ಹೇಳಿಬಿಟ್ಟೆ.

“ಎಲ್ಲಿ, ತಗೊಂಬಾ ನೋಡೂಣು ಆ ಬಂಗಾರದ ಮಣ್ಣ,” ಅಂದ.

ಒಂದು ಹಿಡಿ ತಂದುಕೊಟ್ಟೆ. ಬೂದು ಬಣ್ಣದ, ಸಾಬೂದಾಣಿಗಿಂತ ತುಸು ಸಣ್ಣ ಕಾಳು. ಅಂಗೈಯಲ್ಲಿಟ್ಟು ಹೆಬ್ಬೆರಳಿನಿಂದ ತಿಕ್ಕಿದ, ಮೂಸಿದ. ಲ್ಯಾವೆಂಡರ್ ವಾಸನೆಗೆ ಒಂದು ಸೀನು ಬಂತು. ಆಮೇಲೆ ಬಾಗಿಲ ಬಳಿ ಬಿಟ್ಟಿದ್ದ ತನ್ನ ಚಪ್ಪಲಿಯ ಅಡಿಯಿಂದ ಒಣಗಿದ ಎರಿಯ ಹೆಂಟೆಯೊಂದನ್ನು ಎಬ್ಬಿಸಿ ತಂದು, ಎರಡು ಬಸಿ ಕೇಳಿದ. ಒಂದರಲ್ಲಿ ಬೆಕ್ಕಿನ ಮಣ್ಣು, ಇನ್ನೊಂದರಲ್ಲಿ ಎರಿಯ ಪುಡಿ. ಎರಡಕ್ಕೂ ಎರಡೆರಡು ಚಮಚ ನೀರು. ಬೆಕ್ಕಿನ ಮಣ್ಣು ನೀರನ್ನು ಗಟಗಟ ಕುಡಿದು ಉಬ್ಬಿ ಕರದಂಟಿನಂಥ ಒಂದು ಉಂಡೆ ಆಯಿತು. ಎರಿ ಸಾವಕಾಶ ಕುಡಿಯಿತು. ಆದರೆ ಅದೂ ಉಬ್ಬಿತು, ಬಸಿಗೆ ಅಂಟಿ ಕೂತಿತು, ಬೋರಲು ಹಾಕಿದರೂ ಬೀಳಲಿಲ್ಲ. ಆ ಬಸಿಯನ್ನು ಅವ್ವ ಆಮೇಲೆ ಚಹಾಕ್ಕೆ ಬಳಸಲೇ ಇಲ್ಲ. ಕರದಂಟನ್ನೂ ಕೆಲವು ದಿನ ಮುಟ್ಟಲಿಲ್ಲ.

ಗೆಳೆಯ ಎರಡೂ ಬಸಿಗಳನ್ನು ನೋಡುತ್ತ ಕೂತ. ಕೊನೆಗೆ, “ಹಂಗಾರ ಇಷ್ಟ ವರ್ಸ ನಾವು ಬೆಕ್ಕಿನ ಸಂಡಾಸದಾಗ ಕಬ್ಬು ಬೆಳ್ಯಾಕ ಹತ್ತೇವಿ!” ಅಂದ.

ಅವನು ಹೇಳಿದ್ದು ನಗೆಮಾತಾದರೂ ರಸಾಯನಶಾಸ್ತ್ರ ಅವನ ಪರವಾಗಿಯೇ ಇದೆ. ಬೆಕ್ಕಿನ ಚೀಲದಲ್ಲಿರುವುದು ಬೆಂಟೊನೈಟ್ ಎಂಬ ಜೇಡಿ. ಅದರ ಮುಖ್ಯ ಖನಿಜ ಮಾಂಟ್‌ಮೊರಿಲೊನೈಟ್. ನಮ್ಮ ಎರಿಯನ್ನು ಮಳೆಗಾಲದಲ್ಲಿ ಉಬ್ಬಿಸುವ, ಬೇಸಿಗೆಯಲ್ಲಿ ಕಾಲು ಸಿಕ್ಕುವಷ್ಟು ಬಿರಿಯಿಸುವ, ಹೊಸ ಮನೆಯ ಗೋಡೆಗೆ ವರ್ಷದೊಳಗೆ ಸೀಳು ಬಿಡಿಸುವ ಜೇಡಿಯೂ ಅದೇ ಕುಲದ್ದು. ಎರಿಯಲ್ಲಿ ಅದು ಮಿಶ್ರವಾಗಿದೆ, ಚೀಲದಲ್ಲಿ ಹೆಚ್ಚು ಶುದ್ಧವಾಗಿದೆ, ಅಷ್ಟೇ ಅಂತರ. ಎರಿಯನ್ನು ನೇರವಾಗಿ ಡಬ್ಬಿಗೆ ಸುರಿದರೆ ಅದು ಬೆಕ್ಕಿನ ಕಾಲಿಗಂಟಿ ಸೋಫಾ ಹತ್ತುತ್ತದೆ, ಅದನ್ನೂ ಒಪ್ಪಿಕೊಳ್ಳಬೇಕು. ಆದರೆ ಕಛ್‌ನಿಂದಲೋ ಬಾಡಮೇರದಿಂದಲೋ ನೆಲ ಅಗೆದು, ಒಣಗಿಸಿ, ಪುಡಿ ಮಾಡಿ, ಅತ್ತರು ಹಾಕಿ, ಸಾವಿರ ಕಿಲೋಮೀಟರಿಗೂ ಮಿಗಿಲು ದೂರ ಲಾರಿಯಲ್ಲಿ ಹೇರಿಕೊಂಡು ಬಂದು ಎರಿಸೀಮೆಯಲ್ಲಿ ಜೇಡಿ ಮಾರುವವನ ಎದೆಗಾರಿಕೆಗೆ ಕೈ ಮುಗಿಯಬೇಕು.

ಈ ವ್ಯಾಪಾರ ಹುಟ್ಟಿದ ಕಥೆಯಲ್ಲೂ ಒಂದು ಒಲೆಯ ಬೂದಿ ಇದೆ. 1947, ಅಮೆರಿಕದ ಮಿಶಿಗನ್. ಎಡ್ವರ್ಡ್ ಲೋ ಎಂಬ ತರುಣನ ಹತ್ತಿರ ನೆರೆಯ ಹೆಂಗಸೊಬ್ಬಳು ಬೆಕ್ಕಿಗಾಗಿ ಉಸುಕು ಕೇಳಲು ಬಂದಳು. ಅಲ್ಲಿಯತನಕ ಅವಳು ಬಳಸುತ್ತಿದ್ದದ್ದು ಬೂದಿ. ಬೆಕ್ಕು ಮನೆತುಂಬ ಕಪ್ಪು ಹೆಜ್ಜೆ ಮೂಡಿಸುತ್ತಿತ್ತು. ಲೋ ಮನೆಯವರು ಕಾರ್ಖಾನೆಗಳ ನೆಲಕ್ಕೆ ಚೆಲ್ಲಿದ ಎಣ್ಣೆ ಹೀರಲು ಜೇಡಿಕಾಳು ಮಾರುತ್ತಿದ್ದರು. ಅದನ್ನೇ ಕೊಟ್ಟ. ಹಿಡಿಸಿತು. ಐದು ಪೌಂಡಿನ ಚೀಲಕ್ಕೆ 65 ಸೆಂಟ್ ಬೆಲೆ ಕಟ್ಟಿದ. ಬರೀ ಮಣ್ಣಿಗೆ ಯಾರು ದುಡ್ಡು ಕೊಡುತ್ತಾರೆ ಎಂದು ಅಂಗಡಿಯವನಿಗೆ ಅನುಮಾನ ಬಂತಂತೆ. ಹಾಗಾದರೆ ಬಿಟ್ಟಿ ಕೊಡು ಎಂದನಂತೆ ಲೋ. ಬಿಟ್ಟಿ ಒಯ್ದವರು ಮುಂದೆ ದುಡ್ಡು ಕೊಟ್ಟು ಒಯ್ದರು, ಅವನು ಕೋಟ್ಯಧೀಶನಾದ. 1980ರ ದಶಕದಲ್ಲಿ ತಾಮಸ್ ನೆಲ್ಸನ್ ಎಂಬ ಜೀವರಸಾಯನ ತಜ್ಞ ಬೆಂಟೊನೈಟ್ ತಂದ ಮೇಲೆ ಉಂಡೆಗಟ್ಟುವ ಮಣ್ಣು ಬಂತು.

ಇನ್ನು ಬೆಂಟೊನೈಟ್ ಅಂದರೆ ಏನು? ಕೋಟ್ಯಂತರ ವರ್ಷಗಳ ಹಿಂದೆ ಜ್ವಾಲಾಮುಖಿ ಉಗುಳಿದ ಬೂದಿ ನೀರಿನಲ್ಲಿ ಕೂತು ಜೇಡಿಯಾದದ್ದು. ಇದನ್ನು ಅವ್ವನಿಗೆ ವಿವರಿಸಿದೆ.

“ಅಂದ್ರ ಅದೂ ಬೂದಿನ?”

“ಒಂದ ನಮೂನಿ ಬೂದಿನ.”

“ಮತ್ತ ನಮ್ಮ ಒಲಿ ಬೂದಿ ಏನ ಪಾಪ ಮಾಡಿತ್ತ?”

ಮಾಡಿದ ಪಾಪ ಒಂದೇ, ಅದು ಬಿಟ್ಟಿ ಸಿಗುತ್ತಿತ್ತು. ಈಗ ಒಲೆಯೂ ಇಲ್ಲ, ಬೂದಿಯೂ ಇಲ್ಲ. ಕುಳ್ಳು ಆನ್‌ಲೈನಿನಲ್ಲಿ ಬರುತ್ತದೆ, ಪಾತ್ರೆ ತಿಕ್ಕುವ ಬೂದಿಯೂ ಬರುತ್ತದೆ. ಮಣ್ಣೆತ್ತಿನ ಅಮಾವಾಸ್ಯೆಗೆ ಮಣ್ಣಿನ ಜೋಡೆತ್ತನ್ನೂ ಪೇಟೆಯಿಂದ ತರುವವರು ನಾವು. ಬೆಕ್ಕೊಂದು ಬಾಕಿ ಇತ್ತು.

ಮಾರುಕಟ್ಟೆಯ ಹೊಸ ಫ್ಯಾಶನ್ನುಗಳನ್ನು ಅಕ್ಕನ ಮಗಳು ಫೋನಿನಲ್ಲಿ ತೋರಿಸಿದಳು. ಗುಲಾಬಿ ಪರಿಮಳ, ಗ್ರೀನ್ ಟೀ ಪರಿಮಳ, ಕಾಫಿ ಪರಿಮಳ. ಮೂಗು ಚುರುಕಿರುವ ಬೆಕ್ಕಿಗೆ ಈ ಯಾವ ಪರಿಮಳವೂ ಬೇಡ. ಇವೆಲ್ಲ ಅದನ್ನು ಸಾಕಿದವರ ಮೂಗಿಗೆ. ಪರಿಸರಪ್ರಿಯರಿಗೆಂದು ಸೋಯಾ ಹಾಲು ಹಿಂಡಿದ ಚರಟದಿಂದ ಮಾಡಿದ ಟೋಫು ಲಿಟರ್ ಬಂದಿದೆ, ಬೆಲೆ ಇನ್ನೂ ಮೇಲೆ. ಅಮೆರಿಕದಲ್ಲಿ ಗೋವಿನಜೋಳದ ಲಿಟರ್ ಕೂಡ ಇದೆ ಎಂದು ತಿಳಿದಾಗ ನಾನು ಕುರ್ಚಿಯಲ್ಲಿ ನೆಟ್ಟಗೆ ಕೂತೆ. ಗೋವಿನಜೋಳ! 2025ರ ಹಂಗಾಮಿನಲ್ಲಿ ಕ್ವಿಂಟಲಿಗೆ ಬೆಂಬಲ ಬೆಲೆ 2,400 ಎಂದು ಕಾಗದದಲ್ಲಿತ್ತು, ಪೇಟೆಯಲ್ಲಿ ಎರಡು ಸಾವಿರವೂ ಹುಟ್ಟಲಿಲ್ಲ. ರಾಶಿ ಮಾಡಿ ರಸ್ತೆಯ ಮೇಲೆ ಒಣಹಾಕಿ ಕಾದವರಿಗೆ ಗೊತ್ತಿರಲಿಲ್ಲ: ತಿನ್ನುವ ಜೋಳ ಎಂದು ಮಾರಿದ್ದೇ ತಪ್ಪು, ಕೂರುವ ಜೋಳ ಎಂದು ಮಾರಬೇಕಿತ್ತು. ಸಕ್ಕರೆ ಕಾರ್ಖಾನೆಯ ಸಿಪ್ಪೆ, ಹೊಲದಲ್ಲಿ ಬೆಂಕಿ ಹಚ್ಚುವ ಕಬ್ಬಿನ ರವದಿ, ಇವೂ ಬೇಕಾದಷ್ಟಿವೆ. ಮುಂದಿನ ಹೋರಾಟಕ್ಕೆ ಬೇಡಿಕೆ ಪಟ್ಟಿ ಬರೆಯುವವರು ಗಮನಿಸಲಿ.

ಈಗ ಬಳಸಿದ ಮಣ್ಣಿನ ಕಥೆ. ದಿನಾ ಬೆಳಿಗ್ಗೆ ಉಂಡೆಗಳನ್ನು ಸೋಸಿ, ಕರಿ ಪ್ಲಾಸ್ಟಿಕ್ ಚೀಲದಲ್ಲಿ ಗಂಟು ಹಾಕಿ ಕಸದ ಗಾಡಿಗೆ ಕೊಡುವುದು. ಮೊದಲ ದಿನ ಗಾಡಿಯವನು ಕೇಳಿದ, “ಇದು ಹಸಿ ಕಸಾನೋ, ಒಣ ಕಸಾನೋ?” ಅಕ್ಕನ ಮಗಳು ನನ್ನ ಮುಖ ನೋಡಿದಳು. ಒಣಗಿದ್ದು ಹಸಿಯಾಗಿದೆ, ಹಸಿಯಾದದ್ದು ಗಟ್ಟಿಯಾಗಿದೆ. ಗೊಬ್ಬರ ಮಾಡೋಣವೆಂದರೆ ಜೇಡಿ ಕೊಳೆಯುವುದಿಲ್ಲ, ಮರುಬಳಕೆಗೆ ಯಾರೂ ಒಯ್ಯುವುದಿಲ್ಲ. ಕಮೋಡಿಗೆ ಸುರಿದರೆ ಪೈಪಿನಲ್ಲಿ ಉಬ್ಬಿ ಕೂತು ಪ್ಲಂಬರನನ್ನು ಕರೆಸುತ್ತದೆ. ನಾನು ಉತ್ತರ ಕೊಡುವಷ್ಟರಲ್ಲಿ ಅವನು ಚೀಲವನ್ನು ಎರಡೂ ಡಬ್ಬಿಗಳ ನಡುವಿನ ಜಾಗದಲ್ಲಿ ಎಸೆದು ಮುಂದೆ ಹೋದ. ಅವನ ತೀರ್ಮಾನವೇ ಸರಿ.

ಒಂದು ಮಾತಿಗೆ ಮಾತ್ರ ನಗು ಬರುವುದಿಲ್ಲ. ಬೆಕ್ಕಿನ ಹೊಲಸಿನಲ್ಲಿ ಟಾಕ್ಸೊಪ್ಲಾಸ್ಮಾ ಎಂಬ ಪರಾವಲಂಬಿ ಜೀವಿ ಇರಬಹುದು, ಗರ್ಭಿಣಿಯರು ಅದನ್ನು ಮುಟ್ಟಬಾರದು. ಈ ಎಚ್ಚರಿಕೆ ಚೀಲದ ಹಿಂಬದಿಯಲ್ಲಿ ಸಾಸಿವೆ ಗಾತ್ರದ ಇಂಗ್ಲಿಷಿನಲ್ಲಿದೆ. ಕನ್ನಡಕ್ಕಾಗಿ ನಡೆದ ಗೋಕಾಕ ಚಳವಳಿಗೂ ನಮ್ಮೂರಿಗೂ ಇರುವ ನಂಟು ವಿ.ಕೃ. ಗೋಕಾಕರ ಅಡ್ಡಹೆಸರಿನಷ್ಟೇ, ಆದರೂ ಆ ಹೆಸರಿನ ಊರಿಗೆ ಬಂದ ಚೀಲದ ಮೇಲೆ ಕನ್ನಡದ ಒಂದಕ್ಷರವಿಲ್ಲ. ಬೆಕ್ಕಿನ ಒಡತಿ ಇಂಗ್ಲಿಷ್ ಓದುತ್ತಾಳೆ. ಎಷ್ಟೋ ಮನೆಗಳಲ್ಲಿ ಆ ಡಬ್ಬಿ ಬಳಿಯುವವಳು ಕೆಲಸದಾಕೆ.

ಮಣ್ಣು ಮನೆಬಾಗಿಲಿಗೆ ಬರುವುದು ಗೋಕಾಕಿಗೆ ಹೊಸದೇನಲ್ಲ. 2019ರ ಆಗಸ್ಟಿನಲ್ಲಿ ಘಟಪ್ರಭಾ, ಮಾರ್ಕಂಡೇಯ ಎರಡೂ ತುಂಬಿ ಬಂದು ಕೆಳಗಿನ ಓಣಿಗಳ ಮನೆಮನೆಗೆ ಮೊಣಕಾಲುದ್ದ ರಾಡಿ ಹಾಕಿ ಹೋದವು. ಓಟಿಪಿ ಕೇಳಲಿಲ್ಲ. ಆ ಮಣ್ಣನ್ನು ಹೊರಗೆ ಹಾಕಲು ನಾವೇ ರೊಕ್ಕ ಕೊಟ್ಟೆವು.

ಈ ನಡುವೆ ಹುಕ್ಕೇರಿಯಲ್ಲಿ ಬೀಗರ ಮನೆಯ ಕೂಸಿಗೆ ತೊಟ್ಟಿಲ ಕಾರ್ಯ ಇತ್ತು. ಬೆಕ್ಕನ್ನು ಒಂದೇ ಬಿಟ್ಟು ಹೇಗೆ ಬರಲಿ ಎಂದು ಅಕ್ಕನ ಮಗಳು ಅದನ್ನು ಗಾಜಿನ ಗುಮ್ಮಟವಿದ್ದ ಬೆನ್ನುಚೀಲದಲ್ಲಿ ಕೂರಿಸಿಕೊಂಡು ಬಂದಳು. ಆದಿಲ್‌ಶಾಹಿ ಗುಮ್ಮಟಗಳನ್ನು ದಿನಾ ನೋಡುವ ಹುಕ್ಕೇರಿಯ ಹುಡುಗರೂ ಈ ಗುಮ್ಮಟದ ಹಿಂದೆ ಓಣಿಯುದ್ದಕ್ಕೂ ಓಡಿ ಬಂದರು. ಬೀಗರದು ಹಳೇ ಮಾಳಿಗೆ ಮನೆ. ಹಿತ್ತಲಲ್ಲಿ ನೀರೊಲೆ, ಅದರ ಪಕ್ಕ ಬೂದಿಗುಂಡಿ, ಆಚೆ ತಿಪ್ಪೆ. ಅವರ ಮನೆಯಲ್ಲೂ ಒಂದು ಬೆಕ್ಕಿದೆ. ಅದರ ಹೆಸರು ಬೆಕ್ಕು. ಅದು ನಮ್ಮೆದುರೇ ಬೂದಿಗುಂಡಿಗೆ ಹೋಗಿ ಕೆಲಸ ಮುಗಿಸಿ, ಮುಚ್ಚಿ, ಮಾಳಿಗೆ ಏರಿತು.

ಲಾಟೀನನ್ನು ಹಿತ್ತಲಲ್ಲಿ ಇಳಿಸಿದೆವು. ಮುಂಗಾಲನ್ನು ಮಣ್ಣಿಗೆ ಇಟ್ಟಿತು, ತಟ್ಟನೆ ಎತ್ತಿ ಕೊಡವಿತು. ಮತ್ತೆ ಇಟ್ಟಿತು. ಮೂಸಿತು. ಆಮೇಲೆ ಯಾರೂ ಕಲಿಸದೆಯೇ ಎರಡೂ ಕಾಲಿನಿಂದ ಕೆದರತೊಡಗಿತು ನೋಡಿ, ಬಾವಿ ತೋಡುವವರ ಹಾಗೆ. ಕೂತಿತು, ಎದ್ದು ಮೂಸಿ ನೋಡಿತು, ಮುಚ್ಚಿತು, ಸಮಾಧಾನವಾಗದೆ ಇನ್ನೊಂದು ಸಲ ಮುಚ್ಚಿತು. “ಮಾಮಾ, ಡಬ್ಬಿಯೊಳಗ ಇದು ಯಾವತ್ತೂ ಹಿಂಗ ಮಾಡಿದ್ದಿಲ್ಲ,” ಅಂದಳು ಅಕ್ಕನ ಮಗಳು. ಬೀಗಿತಿಯೊಬ್ಬರು, “ಪುಣೆದಾಗ ಹಿತ್ತಲ ಇರೂದಿಲ್ಲೇನವಾ?” ಎಂದು ಕೇಳಿದರು.

ಆ ಮಾತು ತಾಗಿದ್ದು ನನಗೆ. ಪುಣೆಯಲ್ಲಿ ಹಿತ್ತಲಿಲ್ಲ, ಅದು ಆ ಊರಿನ ಹಣೆಬರಹ. ಗೋಕಾಕದಲ್ಲಿ ನಮಗಿತ್ತು. ಮೂರು ವರ್ಷದ ಹಿಂದೆ, ರಾಡಿ ಆಗುತ್ತದೆ, ಹುಳಹುಪ್ಪಟೆ ಬರುತ್ತದೆ ಎಂದು ಗೋಡೆಯಿಂದ ಗೋಡೆಗೆ ಪೇವರ್ ಹಾಕಿಸಿದವನು ನಾನೇ. ಓಣಿಯಲ್ಲಿ ಎಲ್ಲರೂ ಹಾಕಿಸಿದ್ದರು. ಅಂದಿನಿಂದ ಓಣಿಯ ಬೆಕ್ಕುಗಳಿಗೆಲ್ಲ ಉಳಿದದ್ದು ಮನೆ ಕಟ್ಟಿಸುವವರ ಉಸುಕಿನ ಗುಂಪಿ. ರಾತ್ರಿ ಬೆಕ್ಕು ಬಳಸಿದ ಉಸುಕನ್ನೇ ಬೆಳಿಗ್ಗೆ ಗವಂಡಿ ಸಿಮೆಂಟಿಗೆ ಕಲಸುತ್ತಾನೆ. ಗೋಕಾಕದ ಹೊಸ ಮನೆಗಳ ಗಿಲಾವಿನಲ್ಲಿ ಬೆಕ್ಕುಗಳ ಕೊಡುಗೆ ಎಷ್ಟಿದೆ ಎಂಬ ಸಂಗತಿ ಗೃಹಪ್ರವೇಶದ ದಿನ ಯಾರೂ ಎತ್ತುವುದಿಲ್ಲ.

ಊರಿಗೆ ಬಂದ ಮರುದಿನ ಗವಂಡಿಯನ್ನು ಕರೆಸಿ ಹಿತ್ತಲ ಮೂಲೆಯ ಒಂದು ಮಾರು ಜಾಗದ ಪೇವರ್ ಕಿತ್ತಿಸಿದೆ. ಹಾಕಿದವನೂ ಅವನೇ. “ಹಾಕಾಕೂ ಪಗಾರ, ಕೀಳಾಕೂ ಪಗಾರ. ಹಿಂಗ ನಡೀಲಿ ಸಾಹೇಬ್ರ,” ಅಂದ. ಮೂಡಲಗಿಯ ಗೆಳೆಯ ಮೋಟರ್‌ಸೈಕಲ್ ಮೇಲೆ ಒಂದು ಚೀಲ ಎರಿ ತಂದು ಸುರಿದು, “ಐವತ್ತ ಕೆಜಿ ಐತಿ. ನಾಕ ಸಾವಿರ ತಗಿ,” ಎಂದು ಕೈಚಾಚಿದ. ಚಹಾ ಕುಡಿಸಿ ಕಳಿಸಿದೆ. ಎರಿಗೆ ಉಸುಕು ಬೆರೆಸಿದೆವು. ಅದರ ಅಂಚಿಗೆ ಅವ್ವ ಯಾರನ್ನೂ ಕೇಳದೆ ಪುಂಡಿ ಬೀಜ ಊರಿದಳು.

ಲಾಟೀನು ಹಗಲು ಅಲ್ಲಿಗೇ ಹೋಗುತ್ತದೆ. ರಾತ್ರಿಗೆ, ಮಳೆಗೆ ಡಬ್ಬಿ ಇನ್ನೂ ಇದೆ. 12 ದಿನ ಬರುತ್ತಿದ್ದ ಚೀಲ ಈಗ ತಿಂಗಳು ಬರುತ್ತಿದೆ. ಪುಂಡಿ ಮೊಣಕಾಲೆತ್ತರ ಬೆಳೆದಿದೆ, ಎಲೆ ಅಂಗೈಯಗಲ. ಪಲ್ಯ ಮಾಡಲು ಅವ್ವ ಮೂರು ಸಲ ಹೇಳಿದ್ದಾಳೆ, ಹರಿದು ತರಲು ಮನೆಯಲ್ಲಿ ಯಾರೂ ಎದ್ದಿಲ್ಲ.