ಡಿಸ್ಕ್ ಮೀಮಾಂಸೆ: ಘಾಟಿ ಇಳಿಯುವವರಿಗೊಂದು ಲಘುಭಾಷ್ಯ

ಒಂದು: ಅನುಬಂಧ ಪ್ರಕರಣ

ಯಾವ ಶಾಸ್ತ್ರ ಹಿಡಿದರೂ ಮೊದಲು ನಾಲ್ಕು ಸಂಗತಿ ಹೇಳಿ ಮುಗಿಸಬೇಕೆಂಬುದು ಹಿರಿಯರು ಹಾಕಿಕೊಟ್ಟ ಪದ್ಧತಿ: ಓದಲು ಅಧಿಕಾರಿ ಯಾರು, ವಿಷಯ ಏನು, ಸಂಬಂಧ ಎಂಥದು, ಪ್ರಯೋಜನ ಯಾವುದು. ಅಧಿಕಾರಿ ಎಂದರೆ ಸಾಗರ, ಹೊಸನಗರ, ತೀರ್ಥಹಳ್ಳಿ ತಾಲ್ಲೂಕುಗಳಲ್ಲಿ ಕಾರಿಟ್ಟುಕೊಂಡಿರುವ, ವರ್ಷಕ್ಕೊಮ್ಮೆಯಾದರೂ ಘಾಟಿ ಇಳಿದು ಕುಂದಾಪುರದ ನೆಂಟರ ಮನೆಗೋ ಮಣಿಪಾಲದ ಆಸ್ಪತ್ರೆಗೋ ಹೋಗಿಬರುವ ಗೃಹಸ್ಥ. ವಿಷಯ, ಆ ಕಾರಿನ ಚಕ್ರದ ಹಿಂದೆ ಸುತ್ತುವ ಎರಕದ ಕಬ್ಬಿಣದ ಬಿಲ್ಲೆ. ಗ್ಯಾರೇಜಿನ ಭಾಷೆಯಲ್ಲಿ ಡಿಸ್ಕು. ಸಂಬಂಧ, ಗೃಹಸ್ಥನ ಬಲಗಾಲು. ಪ್ರಯೋಜನ, ಘಾಟಿಯ ಬುಡದ ಸೋಮೇಶ್ವರಕ್ಕಾಗಲಿ ಹೊಸಂಗಡಿಗಾಗಲಿ ರಸ್ತೆಯ ಮೂಲಕವೇ ತಲುಪುವುದು.

ಪೂರ್ವಪಕ್ಷಿ ಇಲ್ಲಿಯೇ ಕೈ ಎತ್ತುತ್ತಾನೆ. ಕೊಳೆರೋಗ, ಮಂಗನ ಕಾಟ, ಕೊನೆಗಾರರ ಅಭಾವ ಇಷ್ಟೆಲ್ಲ ಚರ್ಚಿಸಲು ಬಾಕಿ ಇರುವಾಗ ಕಬ್ಬಿಣದ ಬಿಲ್ಲೆಗೆ ಶಾಸ್ತ್ರ ಯಾಕೆ? ಉತ್ತರ: ಈ ಸೀಮೆಯಲ್ಲಿ ಅಡಿಕೆಯ ಮೇಲೆ ಕೈಯಾಡಿಸಿದ ಮಾತ್ರಕ್ಕೆ ಇದು ರಾಶಿ, ಇದು ಬೆಟ್ಟೆ, ಇದು ಗೊರಬಲು ಎಂದು ಹೇಳಬಲ್ಲವರಿಗೆ ಬರವಿಲ್ಲ. ಲೀಟರಿಗೆ ಎಷ್ಟು ಕೊಡುತ್ತದೆ ಎಂದು ಕೇಳಿದರೆ ದಶಮಾಂಶದ ಸಹಿತ ಉತ್ತರ ಬರುತ್ತದೆ. ಡಿಸ್ಕು ಎಷ್ಟು ಉಳಿದಿದೆ ಎಂದು ಕೇಳಿದರೆ ಮಾತ್ರ "ಬ್ರೇಕ್ ಹಿಡೀತಾ ಅದಲ್ಲ ಮಾರಾಯ್ರೆ" ಎಂಬ ಒಂದೇ ಉತ್ತರ. ಓಡುವುದರ ಬಗ್ಗೆ ಇಷ್ಟು ಪಾಂಡಿತ್ಯ, ನಿಲ್ಲುವುದರ ಬಗ್ಗೆ ಇಷ್ಟು ಮೌನ. ಈ ಮೌನವನ್ನು ತುಂಬಲೆಂದೇ ಪ್ರಸ್ತುತ ಗ್ರಂಥ.

ಎರಡು: ಪೂರ್ವಾಚಾರ್ಯ ಪ್ರಕರಣ

1645ರಿಂದ 1660ರವರೆಗೆ ಬಿದನೂರಿನಿಂದ ಆಳಿದ ಶಿವಪ್ಪ ನಾಯಕ ಭೂಮಿಗೆ ಕಟ್ಟಿದ ಕಂದಾಯದ ಕ್ರಮ 'ಶಿಸ್ತು' ಎಂದೇ ಹೆಸರಾಯಿತು. ಆ ಶಿಸ್ತಿನಲ್ಲಿ ಬ್ರೇಕಿನ ಪ್ರಸ್ತಾಪ ಇಲ್ಲ. ಆಗ ಘಾಟಿ ಇಳಿಯುತ್ತಿದ್ದ ಎತ್ತುಗಳು ಕಡಿದಾದ ಜಾಗ ಕಂಡರೆ ತಾವಾಗಿ ನಿಲ್ಲುತ್ತಿದ್ದುದರಿಂದ ಶಾಸ್ತ್ರದ ಅಗತ್ಯ ಬಿದ್ದಿರಲಾರದು.

ಸೂತ್ರ ಬರೆದವರು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನ ಫ್ರೆಡರಿಕ್ ಲ್ಯಾಂಚೆಸ್ಟರ್. 1902ರಲ್ಲಿ ಡಿಸ್ಕ್ ಬ್ರೇಕಿಗೆ ಪೇಟೆಂಟ್ ಪಡೆದರು. ಅದರಲ್ಲಿ ತಾಮ್ರದ ಪ್ಯಾಡು ಲೋಹದ ಬಿಲ್ಲೆಗೆ ಉಜ್ಜಿ ಎಬ್ಬಿಸುತ್ತಿದ್ದ ಕಿರುಚಾಟಕ್ಕೆ ಹೆದರಿ ಲೋಕ ಅರ್ಧ ಶತಮಾನ ಆ ಕಡೆ ಸುಳಿಯಲಿಲ್ಲ. 1953ರಲ್ಲಿ ಫ್ರಾನ್ಸಿನ ಲ ಮಾನ್ ಪಂದ್ಯವನ್ನು ಡಿಸ್ಕ್ ಬ್ರೇಕಿನ ಜಾಗ್ವಾರ್ ಗೆದ್ದಮೇಲೆ ಎಲ್ಲರಿಗೂ ಜ್ಞಾನೋದಯವಾಯಿತು. ಆದ್ದರಿಂದ ಲ್ಯಾಂಚೆಸ್ಟರ್ ಸೂತ್ರಕಾರ, ಜಾಗ್ವಾರ್ ಭಾಷ್ಯಕಾರ, ಸಾಗರದ ಮೆಕ್ಯಾನಿಕ್ ವಾರ್ತಿಕಕಾರ ಎಂದು ಪರಂಪರೆ. ವಾರ್ತಿಕಕಾರನ ಕೆಲಸ ಹೇಳಿದ್ದು, ಹೇಳದೆ ಬಿಟ್ಟದ್ದು, ತಪ್ಪಾಗಿ ಹೇಳಿದ್ದು ಮೂರನ್ನೂ ವಿಚಾರಿಸುವುದು. ಬಿಲ್ ಬರೆಯುವಾಗ ಈ ಮೂರೂ ನಡೆಯುತ್ತವೆ.

ಮೂರು: ಉಷ್ಣ ಪ್ರಕರಣ

ಡಿಸ್ಕು ಸವೆಯುವುದೇಕೆ? ಕರ್ಮದಿಂದ. ಯಾರ ಕರ್ಮ? ಇಳಿಜಾರಿನದು.

ಸಂಸಾರ, ಲಗೇಜು, ನೆಂಟರಿಗೆಂದು ಒಯ್ಯುವ ಬಾಳೆಗೊನೆ ಎಲ್ಲ ಸೇರಿ ಕಾರಿನ ತೂಕ 1,200 ಕೆ.ಜಿ. ಎನ್ನೋಣ. ಆಗುಂಬೆಯ ಹದಿನಾಲ್ಕು ತಿರುವುಗಳಲ್ಲಿ ಅದು 500 ಮೀಟರು ಕೆಳಗಿಳಿಯಿತು ಎಂದು ಲೆಕ್ಕ ಹಿಡಿಯೋಣ. ಜೋಗದ ಎತ್ತರ 253 ಮೀಟರು. ಅಂದರೆ ಕಾರು ಸಂಸಾರಸಮೇತ ಎರಡು ಜೋಗ ಧುಮುಕಿದೆ. ಹೀಗೆ ಬಿಡುಗಡೆಯಾಗುವ ಶಕ್ತಿ ಸುಮಾರು 59 ಲಕ್ಷ ಜೂಲು, ಕರೆಂಟಿನ ಲೆಕ್ಕದಲ್ಲಿ 1.6 ಯೂನಿಟ್ಟು. ತಣ್ಣೀರನ್ನು ಕುದಿಯುವ ಮಟ್ಟಕ್ಕೆ ತರುವುದಾದರೆ ಹದಿನೆಂಟು ಲೀಟರಿಗೆ ಸಾಕು. ಶರಾವತಿಯ ನೀರು ಹೀಗೆ ಇಳಿದರೆ ರಾಜ್ಯಕ್ಕೆ ಬೆಳಕು. ಕಾರು ಇಳಿದರೆ ಯಾರಿಗೂ ಏನೂ ಇಲ್ಲ, ಅಷ್ಟು ಬಿಸಿಯನ್ನೂ ಗಾಳಿ, ಎಂಜಿನ್ ಮತ್ತು ಬ್ರೇಕು ಹಂಚಿಕೊಳ್ಳಬೇಕು. ಎರಡನೇ ಗೇರಿನಲ್ಲಿ ಇಳಿದರೆ ದೊಡ್ಡ ಪಾಲನ್ನು ಎಂಜಿನ್ ಹೊರುತ್ತದೆ. ಪೆಟ್ರೋಲ್ ಉಳಿಸುವ ಹೆಸರಲ್ಲಿ ನ್ಯೂಟ್ರಲ್‌ಗೆ ಹಾಕಿ ಇಳಿದರೆ ಆ ಪಾಲೂ ಡಿಸ್ಕಿನ ತಲೆಗೆ. ಇವರಿಗೆ ಶಾಸ್ತ್ರದಲ್ಲಿ 'ಮಿತವ್ಯಯಿ' ಎಂದು ಹೆಸರು. ಡಿಸ್ಕಿನ ಅಂಗಡಿಯವರು ಇವರನ್ನು ಬಹಳ ಗೌರವಿಸುತ್ತಾರೆ.

ಬ್ರೇಕ್ ಆಯಿಲಿನ ವಿಚಾರ ಇಲ್ಲಿಗೇ ಸೇರಿದ್ದು. ಅದು ಗಾಳಿಯಿಂದ ತೇವ ಹೀರುವ ಸ್ವಭಾವದ್ದು. ಡಾಟ್ 4 ದರ್ಜೆಯ ಹೊಸ ಆಯಿಲು ಕನಿಷ್ಠ 230 ಡಿಗ್ರಿಯವರೆಗೆ ಕುದಿಯಬಾರದು ಎಂದು ನಿಯಮ. ನೀರು ಸೇರಿದ ಮೇಲೆ ಅದೇ ಆಯಿಲಿಗೆ ನಿಯಮ ಕೇಳುವುದು 155 ಮಾತ್ರ. ತೇವ ಹೀರಲು ಆಗುಂಬೆ, ಹುಲಿಕಲ್‌ಗಳಿಗಿಂತ ಪ್ರಶಸ್ತ ಕ್ಷೇತ್ರ ದೇಶದಲ್ಲಿ ಕೆಲವೇ. ಆಯಿಲು ಕುದಿದು ಆವಿಗುಳ್ಳೆ ಎದ್ದರೆ ಪೆಡಲು ನೆಲಕ್ಕೆ ಹೋಗುತ್ತದೆ, ಕಾರು ತನ್ನಷ್ಟಕ್ಕೆ ಹೋಗುತ್ತದೆ. ಎರಡು ವರ್ಷಕ್ಕೊಮ್ಮೆ ಆಯಿಲ್ ಬದಲಿಸುವುದು ಇದಕ್ಕೆ ಶಾಸ್ತ್ರೋಕ್ತ ಶಾಂತಿ.

ನಾಲ್ಕು: ಪ್ರಮಾಣ ಪ್ರಕರಣ

ಸವೆತವನ್ನು ತಿಳಿಯುವುದು ಹೇಗೆ? ಭಾಟ್ಟ ಮೀಮಾಂಸಕರು ಜ್ಞಾನಕ್ಕೆ ಆರು ದಾರಿ ಹೇಳಿದ್ದಾರೆ. ಆರೂ ಗ್ಯಾರೇಜಿಗೆ ಹೋಗುತ್ತವೆ.

ಪ್ರತ್ಯಕ್ಷ: ಚಕ್ರ ಬಿಚ್ಚಿಸಿ, ಟಾರ್ಚ್ ಹಿಡಿದು, ಕಣ್ಣಾರೆ ನೋಡುವುದು. ರಾತ್ರಿ ಮಳೆಗೆ ನೆನೆದ ಕಾರಿನ ಡಿಸ್ಕಿನ ಮೇಲೆ ಬೆಳಿಗ್ಗೆ ಕಾಣುವ ಕೆಂಪು ಪೊರೆ ಮಾಯೆ. ನಾಲ್ಕು ಸಲ ಬ್ರೇಕ್ ಹಿಡಿದರೆ ಹೋಗುತ್ತದೆ. ಉಗುರಿಗೆ ಸಿಕ್ಕುವ ಆಳದ ಗೀರು, ನೀಲಿಗಟ್ಟಿದ ಕಲೆ, ಅಂಚಿನವರೆಗೆ ಹಾಯ್ದ ಬಿರುಕು ಸತ್ಯ. ಹೊರಮೈ ಮಾತ್ರ ನೋಡಿ ತೃಪ್ತರಾಗುವವರು ಅರ್ಧಜ್ಞಾನಿಗಳು. ಪ್ಯಾಡನ್ನು ಡಿಸ್ಕಿಗೆ ಒತ್ತುವ ಕ್ಯಾಲಿಪರಿನ ಪಿನ್ನು ಜಂಗು ಹಿಡಿದು ಜರುಗದೆ ನಿಂತರೆ ಒಳಮೈ ಸದ್ದಿಲ್ಲದೆ ಹೆಚ್ಚು ಸವೆದಿರುತ್ತದೆ.

ಅನುಮಾನ: ಬೆಟ್ಟದಲ್ಲಿ ಹೊಗೆ ಇದೆ, ಆದ್ದರಿಂದ ಬೆಂಕಿ ಇದೆ ಎಂಬುದು ತಾರ್ಕಿಕರ ಹಳೆಯ ಉದಾಹರಣೆ. ಘಾಟಿಯಲ್ಲಿ ಅದಕ್ಕೊಂದು ತಿದ್ದುಪಡಿ: ಬೆಟ್ಟದಲ್ಲಿ ಹೊಗೆ ಇದೆ, ಅದು ನಮ್ಮ ಮುಂದಿನ ಎಡಚಕ್ರದಿಂದ. ಬ್ರೇಕ್ ಹಿಡಿದಾಗ ಸ್ಟೇರಿಂಗ್ ನಡುಗಿದರೆ "ಡಿಸ್ಕ್ ಬೆಂಡ್" ಎಂದು ಸಾಮಾನ್ಯವಾಗಿ ತೀರ್ಪು ಬರುತ್ತದೆ. ಬಹುಪಾಲು ಸಲ ಅದು ಬಾಗಿರುವುದಿಲ್ಲ, ಸುತ್ತಲೂ ದಪ್ಪ ಒಂದೇ ಸಮ ಇರುವುದಿಲ್ಲ, 0.02 ಮಿ.ಮೀ. ಆಸುಪಾಸಿನ ವ್ಯತ್ಯಾಸವೇ ಕೈ ನಡುಗಿಸಲು ಸಾಕು. ಆದರೆ ಒದ್ದೆ ರಸ್ತೆಯಲ್ಲಿ ಗಟ್ಟಿಯಾಗಿ ತುಳಿದಾಗ ಪೆಡಲು ಟಕಟಕ ಎಂದರೆ ಅದು ಎಬಿಎಸ್ ತನ್ನ ಕೆಲಸ ಮಾಡುವ ಲಕ್ಷಣ. ಅದನ್ನು ಹಿಡಿದು ಡಿಸ್ಕನ್ನು ದೂರುವುದು ಹೇತ್ವಾಭಾಸ.

ಉಪಮಾನ: ಗೋವಿನಂತಿರುವುದು ಗವಯ ಎಂದು ಕೇಳಿದವನು ಕಾಡಿಗೆ ಹೋಗಿ ಗವಯವನ್ನು ಗುರುತಿಸುತ್ತಾನಂತೆ. ಆಗುಂಬೆಯಲ್ಲಿ ಕಾಡಿನವರೆಗೆ ಹೋಗುವ ಶ್ರಮವಿಲ್ಲ, ಕಾಟಿ ರಸ್ತೆಗೇ ಬಂದು ನಿಲ್ಲುತ್ತದೆ. ಜೊತೆಗೆ ಡಿಸ್ಕಿನ ಪರೀಕ್ಷೆಯೂ ಆಗಿಹೋಗುತ್ತದೆ. ಡಿಸ್ಕಿಗೆ ಉಪಮಾನ ಹರಿವಾಣ. ಪ್ಯಾಡು ಮುಟ್ಟುವ ಭಾಗ ಸವೆದು ತಗ್ಗಾಗಿ, ಮುಟ್ಟದ ಅಂಚು ಹರಿವಾಣದ ಕಟ್ಟಿನಂತೆ ಎದ್ದು ನಿಂತಿದ್ದರೆ ಸವೆತ ಬಲಿತಿದೆ.

ಶಬ್ದ: ಇದು ಎರಡು ಬಗೆ. ಕೀಚಲು ದನಿ ಬಂದರೆ ಪ್ಯಾಡಿನಲ್ಲಿ ಎರಡು ಮೂರು ಮಿಲಿಮೀಟರು ಉಳಿದಿದೆ ಎಂದು ಅದರ ತಗಡಿನ ನಾಲಗೆ ಡಿಸ್ಕಿಗೆ ತಾಗಿ ಹೇಳುವ ಮಾತು. ಗರಗರ ಎಂದು ಅರೆಯುವ ದನಿ ಬಂದರೆ ಪ್ಯಾಡು ಪೂರ್ತಿ ಮುಗಿದು ಕಬ್ಬಿಣ ಕಬ್ಬಿಣಕ್ಕೆ ಉಜ್ಜುತ್ತಿದೆ. ಆಗ ಟೇಪ್‌ರೆಕಾರ್ಡರಿನ ಶಬ್ದ ಹೆಚ್ಚಿಸುವುದು ಪರಿಹಾರವಲ್ಲ, ರೂಢಿ.

ಅರ್ಥಾಪತ್ತಿ: ದೇವದತ್ತ ಹಗಲು ಉಣ್ಣುವುದಿಲ್ಲ, ಆದರೂ ದಪ್ಪಗಿದ್ದಾನೆ, ಆದ್ದರಿಂದ ರಾತ್ರಿ ಉಣ್ಣುತ್ತಾನೆ. ಹಾಗೆಯೇ, ಬ್ರೇಕ್ ಆಯಿಲು ಎಲ್ಲಿಯೂ ಸೋರಿಲ್ಲ, ಆದರೂ ಡಬ್ಬಿಯಲ್ಲಿ ಇಳಿದಿದೆ. ಆದ್ದರಿಂದ ಪ್ಯಾಡು ಸವೆದಿದೆ. ಪ್ಯಾಡು, ಡಿಸ್ಕು ತೆಳ್ಳಗಾದಷ್ಟೂ ಕ್ಯಾಲಿಪರಿನ ಪಿಸ್ಟನ್ ಮುಂದೆ ಬಂದು, ಖಾಲಿಯಾದ ಜಾಗಕ್ಕೆ ಆಯಿಲು ಹೋಗಿ ಕೂರುತ್ತದೆ. ಕಾರಣ ಹುಡುಕದೆ ಡಬ್ಬಿ ತುಂಬಿಸಿ ಕಳಿಸುವುದು ದೇವದತ್ತನಿಗೆ ರಾತ್ರಿ ಇನ್ನೊಂದು ಎಲೆ ಹಾಕಿದ ಹಾಗೆ.

ಅನುಪಲಬ್ಧಿ: ಇಲ್ಲದ್ದನ್ನು ಇಲ್ಲವೆಂದು ತಿಳಿಯುವುದು. ಇದೇ ಪ್ರಮಾಣಗಳ ರಾಜ. ಏಕೆಂದರೆ ಸವೆತವೆಂಬ ವಸ್ತುವೇ ಇಲ್ಲ, ಇರುವುದು ಇದ್ದ ಕಬ್ಬಿಣದ ಅಭಾವ. ಹೊಸದಾಗಿದ್ದಾಗ 22 ಮಿ.ಮೀ. ದಪ್ಪದ ಡಿಸ್ಕಿಗೆ ಸಾಮಾನ್ಯವಾಗಿ 20ರ ಆಸುಪಾಸು ಕನಿಷ್ಠ ಮಿತಿ. ಸವೆಯಲು ಇರುವ ಅವಕಾಶ ಒಂದೊಂದು ಮೈಗೆ ಒಂದೇ ಮಿಲಿಮೀಟರು. ಆ ಮಿತಿಯನ್ನು ತಯಾರಕರು ಡಿಸ್ಕಿನ ಅಂಚಿನಲ್ಲೋ ನಡುವಿನ ಟೋಪಿಯ ಮೇಲೋ 'ಮಿನ್ ಟಿಎಚ್' ಎಂದು ಕೆತ್ತಿರುತ್ತಾರೆ. ಕೆಳದಿ, ಇಕ್ಕೇರಿಗಳ ಶಾಸನಗಳನ್ನು ಓದಿದವರಿದ್ದಾರೆ. ಈ ಶಾಸನವನ್ನು ಓದಿದವರು ವಿರಳ.

ಅಳೆಯುವುದರಲ್ಲಿ ಒಂದು ಮರ್ಮ ಉಂಟು. ವರ್ನಿಯರನ್ನು ಹಾಗೇ ಹಿಡಿದರೆ ಅದರ ದವಡೆ ಎದ್ದ ಅಂಚಿನ ಮೇಲೆ ಕೂತು ಡಿಸ್ಕು ಇನ್ನೂ ದಪ್ಪ ಇದೆ ಎಂದು ಸುಳ್ಳುಸಾಕ್ಷಿ ಹೇಳುತ್ತದೆ. ಮೈಕ್ರೋಮೀಟರ್ ಇಲ್ಲದಿದ್ದರೆ ಎರಡೂ ಮೈಗೆ ಒಂದೊಂದು ನಾಣ್ಯ ಒತ್ತಿ, ಅದರ ಮೇಲೆ ಅಳೆದು, ನಾಣ್ಯಗಳ ದಪ್ಪ ಕಳೆಯಬೇಕು. ರೂಪಾಯಿಯ ನಿಜವಾದ ಬೆಲೆ ತಿಳಿಯುವುದು ಇಂಥಲ್ಲಿ.

ಐದು: ಶಾಖಾಭೇದ ಪ್ರಕರಣ

ಸಾಗರ ಶಾಖೆಯವರದು ಕಾಲವಾದ. "ಕೊಯ್ಲು ಮುಗೀಲಿ, ಆಮೇಲೆ ನೋಡನ" ಎಂಬುದು ಮೂಲಸೂತ್ರ. ಮಳೆಗಾಲವಿಡೀ ಕಾರು ಕೊಟ್ಟಿಗೆಯ ಪಕ್ಕ ನಿಂತು, ಪ್ಯಾಡು ಕಚ್ಚಿಕೊಂಡಿದ್ದ ಜಾಗದಲ್ಲಿ ಡಿಸ್ಕು ಜಂಗು ತಿಂದು ಗುಳಿ ಬಿದ್ದಿರುತ್ತದೆ. ಹೀಗಾಗಿ ಓಡದೆಯೂ ಡಿಸ್ಕು ಕೆಡಬಲ್ಲದೆಂದು ಮೊದಲು ಸಿದ್ಧಪಡಿಸಿದವರು ಇವರೇ. ಸಿಗಂದೂರಿಗೆ ಹೋಗುವವರಿಗೆ ಅಂಬಾರಗೋಡ್ಲಿನ ಲಾಂಚು ಇದ್ದಷ್ಟು ಕಾಲ ಕಾರು ನಿಲ್ಲಿಸುವ ಹೊಣೆ ಸರ್ಕಾರದ್ದಾಗಿತ್ತು. 2025ರ ಜುಲೈ 14ರಂದು ಸೇತುವೆ ಉದ್ಘಾಟನೆಯಾದ ಮೇಲೆ ಆ ಹೊಣೆ ಡಿಸ್ಕಿಗೆ ವರ್ಗವಾಗಿದೆ.

ಹೊಸನಗರ ಶಾಖೆಯವರದು ಭಕ್ತಿಮಾರ್ಗ. ಹುಲಿಕಲ್ ಘಾಟಿಯ ಚಂಡಿಕಾಂಬೆಗೆ ಕೈಮುಗಿದು ಕಾಣಿಕೆ ಹಾಕದೆ ಇಳಿಯುವವರಿಲ್ಲ. ಶಾಸ್ತ್ರಕ್ಕೆ ಇದರಲ್ಲಿ ತಕರಾರಿಲ್ಲ. ಕಾರು ನಿಂತಷ್ಟು ಹೊತ್ತು ಬ್ರೇಕು ತಣಿಯುತ್ತದೆ. ಅಮ್ಮನವರು ಕಾಯುವುದು ಭಕ್ತರನ್ನು. ಡಿಸ್ಕಿನ ದಪ್ಪ ಕಾಯುವ ಹರಕೆ ಅಲ್ಲಿ ನಡೆಯುವುದಿಲ್ಲ ಎಂಬುದಷ್ಟೇ ಸಿದ್ಧಾಂತಿಯ ನಿವೇದನೆ. ಕೊಡಚಾದ್ರಿಗೆ ಹತ್ತುವ ಹಳೆಯ ಜೀಪುಗಳದು ಡ್ರಮ್ ಸಂಪ್ರದಾಯ. ಅವು ಈ ಗ್ರಂಥದ ವ್ಯಾಪ್ತಿಗೂ, ಸಾಮಾನ್ಯ ತರ್ಕದ ವ್ಯಾಪ್ತಿಗೂ ಹೊರಗು.

ತೀರ್ಥಹಳ್ಳಿ ಶಾಖೆಯವರದು ಗೇರ್‌ವಾದ. ಯಾವ ಗೇರಿನಲ್ಲಿ ಹತ್ತಬೇಕೋ ಅದೇ ಗೇರಿನಲ್ಲಿ ಇಳಿ, ಹತ್ತಿ ಬರುವ ಗಾಡಿಗೆ ದಾರಿ ಬಿಡು ಎನ್ನುತ್ತಾರೆ. ಸಿದ್ಧಾಂತಕ್ಕೆ ಅತಿ ಹತ್ತಿರದವರು. ಆದರೆ ಇವರಲ್ಲೇ ಒಂದು ಉಪಶಾಖೆ ಸೋಮೇಶ್ವರ ಮುಟ್ಟಿದ ಕೂಡಲೇ ಕಾದ ಚಕ್ರಕ್ಕೆ ಕೊಡದಲ್ಲಿ ನೀರು ಹೊಯ್ಯುತ್ತದೆ. ಕೆಂಡದಂತೆ ಕಾದ ಎರಕದ ಕಬ್ಬಿಣಕ್ಕೆ ತಣ್ಣೀರು ಬಿದ್ದರೆ ಬಿರುಕು ಬಿಡುವುದುಂಟು. ಕಾದ ಕಾರನ್ನು ನಿಲ್ಲಿಸಿ ಪೆಡಲು ಒತ್ತಿಯೇ ಕೂರುವುದೂ ಸಲ್ಲ. ಪ್ಯಾಡಿನ ಅಚ್ಚು ಅಲ್ಲೇ ಬೀಳುತ್ತದೆ. ಗಾಳಿಗೆ ಬಿಡುವುದೇ ಉಪಚಾರ, ಚಹಾ ಕುಡಿಯುವುದೇ ಅದರ ಕಾಲಪ್ರಮಾಣ.

ಆರು: ವಿಧಿ-ನಿಷೇಧ ಪ್ರಕರಣ

ಹೊಸ ಡಿಸ್ಕನ್ನು ಆರಿಸುವಾಗ ಮಾಡೆಲಿನ ಹೆಸರು ಹೇಳಿದರೆ ಸಾಲದು, ಚಾಸಿ ನಂಬರ್ ಹೇಳತಕ್ಕದ್ದು. ಒಂದೇ ಹೆಸರಿನ ಕಾರಿಗೆ ಪೆಟ್ರೋಲು, ಡೀಸೆಲು, ಚಕ್ರದ ಅಳತೆಗೆ ತಕ್ಕಂತೆ ಬೇರೆ ಬೇರೆ ಡಿಸ್ಕು ಬರುವುದುಂಟು. ವ್ಯಾಸ, ದಪ್ಪ, ಟೋಪಿಯ ಎತ್ತರ, ಬೋಲ್ಟಿನ ತೂತು, ನಡುವಿನ ಕಂಡಿ ಈ ಪಂಚಾಂಗವನ್ನು ಹಳೆಯದರ ಪಕ್ಕ ಇಟ್ಟು ನೋಡತಕ್ಕದ್ದು. ಎರಡು ಮೈಗಳ ನಡುವೆ ಗಾಳಿಯಾಡುವ ಡಿಸ್ಕು ಇದ್ದಲ್ಲಿ ಅಗ್ಗವೆಂದು ಗಟ್ಟಿ ಬಿಲ್ಲೆ ಹಾಕಿಸಬಾರದು.

ತೂತು ಕೊರೆದ ಡಿಸ್ಕಿನ ಮೋಹ ಯುವಕರಲ್ಲಿ ಹೆಚ್ಚು. ಅದರ ಮೇಲೆ ನೀರು ನಿಲ್ಲದಿರುವುದು ಗುಣ. ಪದೇ ಪದೇ ಕಾದರೆ ತೂತಿನ ಅಂಚಿನಿಂದಲೇ ಬಿರುಕು ಹೊರಡುವುದು ದೋಷ. ಮಲೆನಾಡಿನ ಕೆಂಪು ಕೆಸರು ತೂತಿನಲ್ಲಿ ಕೂರುವುದು ಪ್ರಾದೇಶಿಕ ದೋಷ. ಜಂಗು ತಡೆಯುವ ಲೇಪ ಕೊಟ್ಟ ಸಾದಾ ಡಿಸ್ಕು ನಮ್ಮ ಮಳೆಗೂ ಕರಾವಳಿಯ ಉಪ್ಪುಗಾಳಿಗೂ ತಕ್ಕದ್ದು.

ಡಿಸ್ಕು ದಂಪತಿಸ್ವರೂಪಿ. ಎಡ-ಬಲ ಎರಡನ್ನೂ ಒಟ್ಟಿಗೆ ಬದಲಿಸತಕ್ಕದ್ದು. ಇಲ್ಲವಾದರೆ ಕಾರು ಒಂದು ಕಡೆಗೆ ಎಳೆಯುತ್ತದೆ. ಹಳೆಯ ಪ್ಯಾಡನ್ನು ಹೊಸ ಡಿಸ್ಕಿಗೆ ಕಟ್ಟುವುದು ನಿಷಿದ್ಧ. ಲೇತ್‌ಗೆ ಕೊಟ್ಟು ಮೈ ಹೊಡೆಸುವುದು ಆಪದ್ಧರ್ಮ. ಹೊಡೆಸಿದ ಮೇಲೂ ಕೆತ್ತಿದ ಮಿತಿಗಿಂತ ದಪ್ಪ ಉಳಿದರೆ ಮಾತ್ರ ಸಿಂಧು. ಹೊಸ ಡಿಸ್ಕಿಗೆ ಸವರಿದ ಎಣ್ಣೆಯನ್ನು ಒರೆಸಿ, ಹಬ್ಬಿನ ಜಂಗು ಉಜ್ಜಿ ತೆಗೆದ ಮೇಲೆಯೇ ಪ್ರತಿಷ್ಠಾಪನೆ. ಅದಾದ ಮೇಲೆ ಮೊದಲ ಕೆಲವು ನೂರು ಕಿಲೋಮೀಟರು ಶಿವಮೊಗ್ಗದ ಕಡೆಯ ಸಮರಸ್ತೆಯಲ್ಲಿ ಮೃದುವಾಗಿ ಹಿಡಿದು ಪ್ಯಾಡು-ಡಿಸ್ಕುಗಳ ಹೊಂದಾಣಿಕೆಗೆ ಬಿಡಬೇಕು. ಹೊಸ ಡಿಸ್ಕು ಹಾಕಿಸಿದ ಮರುದಿನವೇ ಘಾಟಿಗೆ ಹೊರಡುವುದು ಮದುವೆಯ ಮರುದಿನವೇ ಪಾಲುಪಟ್ಟಿ ಮಾತೆತ್ತಿದಂತೆ ಎಂದು ವೃದ್ಧರು.

ಫಲಶ್ರುತಿ

ಈ ಗ್ರಂಥವನ್ನು ನಿತ್ಯ ಪಾರಾಯಣ ಮಾಡುವವನ ಡಿಸ್ಕು ಸವೆಯುವುದು ನಿಲ್ಲುವುದಿಲ್ಲ. ಕಾರಿನ ಡ್ಯಾಶ್‌ಬೋರ್ಡಿನಲ್ಲಿ ಇಟ್ಟುಕೊಂಡರೂ ನಿಲ್ಲುವುದಿಲ್ಲ. ಆರು ಪ್ರಮಾಣಗಳನ್ನು ಬಾಯಿಪಾಠ ಮಾಡಿ ಸಭೆಯಲ್ಲಿ ವಾದಿಸಿದವನಿಗೆ ಪಂಡಿತನೆಂಬ ಹೆಸರು ಬರುತ್ತದೆ, ಕಾರು ನಿಲ್ಲುವುದಿಲ್ಲ. ಓದಿ, ಚಕ್ರ ಬಿಚ್ಚಿಸಿ, ಕೆತ್ತಿದ ಅಂಕಿಯನ್ನೂ ಅಳೆದ ಅಂಕಿಯನ್ನೂ ಎದುರುಬದುರು ಇಟ್ಟು ನೋಡಿದವನಿಗೆ ಪೂರ್ಣಫಲ. ಇದನ್ನು ಓದದೆಯೇ ಚಕ್ರ ಬಿಚ್ಚಿಸಿ ನೋಡಿದವನಿಗೂ ಅಷ್ಟೇ ಫಲ. ಈ ಶಾಸ್ತ್ರದಲ್ಲಿ ವಿರೋಧಿಗಳಿಗೆ ಇದುವರೆಗೆ ಸಿಕ್ಕಿರುವ ದೋಷ ಇದೊಂದೇ.