ಏಳನೇ ವರ್ಷದ ವಿದ್ಯಾರ್ಥಿ

ಅಮೆರಿಕದ ಪೋಲಿ ಕಾಲೇಜು ಸಿನಿಮಾಗಳಲ್ಲಿ ಒಬ್ಬ ಮಹಾನುಭಾವ ಇದ್ದೇ ಇರುತ್ತಾನೆ. ಕಾಲೇಜು ಸೇರಿ ಏಳು ವರ್ಷವಾದರೂ ಕ್ಲಾಸಿನ ದಾರಿ ಕಂಡವನಲ್ಲ. ವಾಸ ಫ್ರಾಟರ್ನಿಟಿಯಲ್ಲಿ, ಅಂದರೆ ಗ್ರೀಕ್ ಅಕ್ಷರಗಳನ್ನೇ ಹೆಸರಾಗಿಟ್ಟುಕೊಂಡ ಹುಡುಗರ ಸಂಘದ ಮನೆಯಲ್ಲಿ, ತೀರ್ಥ ಬಿಯರು, ಹಬ್ಬದ ಉಡುಗೆ ಹಾಸಿಗೆ ಮೇಲಿನ ಬೆಡ್‌ಶೀಟು. ಈ ವಂಶದ ಮೂಲಪುರುಷ 1978ರ ‘ಅನಿಮಲ್ ಹೌಸ್’ ಚಿತ್ರದ ಬ್ಲೂಟೊ, ಅಂದರೆ ನಟ ಜಾನ್ ಬೆಲೂಷಿ. ಡೀನ್ ಸಾಹೇಬರು ಅಂಕ ಓದಿ ಹೇಳುವಾಗ ಇವನು ಮೂಗಿನ ಹೊಳ್ಳೆಗಳಿಗೆ ಪೆನ್ಸಿಲ್ ಸಿಕ್ಕಿಸಿಕೊಂಡಿರುತ್ತಾನೆ. ಸರಾಸರಿ ಅಂಕ 0.0.

ಸುಮಾರು 30 ಲಕ್ಷ ಡಾಲರಿನಲ್ಲಿ ತಯಾರಾದ ಈ ಚಿತ್ರ 14 ಕೋಟಿಗೂ ಹೆಚ್ಚು ಗಳಿಸಿದ್ದು ಪೋಲಿತನದಿಂದಲೇ ಎನ್ನುವವರಿದ್ದಾರೆ. ಏಣಿ ಹಾಕಿ ಹುಡುಗಿಯರ ಕಿಟಕಿ ಇಣುಕುವ ದೃಶ್ಯವೇನೋ ಇದೆ. ಆದರೆ ಜನ ಇಂದಿಗೂ ನೆನೆಯುವುದು ಕ್ಯಾಂಟೀನನ್ನು: ಬ್ಲೂಟೊ ಸಾಲಿನಲ್ಲಿ ಸಾಗುತ್ತಲೇ ಕಂಡದ್ದನ್ನೆಲ್ಲ ಬಾಯಿಗೂ ಜೇಬಿಗೂ ತುಂಬಿ, ಕೊನೆಗೆ ಕೆನ್ನೆ ಹಿಂಡಿ ಎದುರಿಗಿದ್ದವರ ಮೇಲೆಲ್ಲ ಉಗಿದು, ತಾನೊಂದು ಮೊಡವೆ ಎನ್ನುತ್ತಾನೆ. ಅಲ್ಲಿ ಬೆತ್ತಲೆ ಎಂಬುದೇ ಇಲ್ಲ. ನನ್ನ ಪ್ರಕಾರ ಈ ಚಿತ್ರಗಳ ನಿಜವಾದ ಆಕರ್ಷಣೆ ಒಂದೇ: ಮಜಾ ಇವನದು, ಬಿಲ್ಲು ಬೇರೆಯವರದು. ಸಿನಿಮಾ ಮುಗಿಯುವಾಗ ತೆರೆಯ ಮೇಲೆ ಬರುವ ಅಕ್ಷರಗಳ ಪ್ರಕಾರ ಬ್ಲೂಟೊ ಮುಂದೆ ಸೆನೆಟರ್ ಆಗುತ್ತಾನೆ! 2003ರ ‘ಓಲ್ಡ್ ಸ್ಕೂಲ್’ನಲ್ಲಂತೂ ಫ್ರಾಟರ್ನಿಟಿ ತೆರೆಯುವವರು ಮೂವತ್ತು ದಾಟಿದ ಗಂಡಸರು. ಈ ಸರಕಿನ ಖಾಯಂ ಗಿರಾಕಿ ಹದಿನೆಂಟರ ಹುಡುಗನಲ್ಲ, ಮನೆಸಾಲದ ಕಂತು ಕಟ್ಟುವವನು.

ಇದು ಅಧಿಕಾರದ ವಿರುದ್ಧ ಬಂಡಾಯವಲ್ಲವೇ ಎಂದು ಕೇಳಬಹುದು. ಮಾತಿನಲ್ಲಿ ಹುರುಳಿದೆ, ‘ಅನಿಮಲ್ ಹೌಸ್’ನ ಡೀನ್ ವರ್ಮರ್ ಕಾಲೇಜನ್ನು ಪೊಲೀಸ್ ಠಾಣೆಯಂತೆ ನಡೆಸುತ್ತಾನೆ, ಪಕ್ಕದ ಫ್ರಾಟರ್ನಿಟಿಯ ಸಿರಿವಂತರ ಮಕ್ಕಳು ಅವನ ಬಾಲ ಹಿಡಿದವರು. ಆದರೆ ಬಂಡಾಯದಲ್ಲಿ ಜಜ್ಜಿಹೋದದ್ದು ಯಾರ ಕಾರು? ಹೊಸದಾಗಿ ಸೇರಿದ ಬಡಪಾಯಿ ಫ್ಲೌಂಡರ್‌ನ ಅಣ್ಣನದು. ಅವನು ಅತ್ತರೆ, ನಮ್ಮನ್ನು ನಂಬಿದ್ದು ನಿನ್ನದೇ ತಪ್ಪು ಎಂಬ ಧಾಟಿಯ ಸಾಂತ್ವನ. 1984ರ ‘ರಿವೆಂಜ್ ಆಫ್ ದಿ ನರ್ಡ್ಸ್’ನಲ್ಲಿ ನಾಯಕ ಮುಖವಾಡ ತೊಟ್ಟು, ಹುಡುಗಿಯ ಗೆಳೆಯನಂತೆ ನಟಿಸಿ ಅವಳನ್ನು ಕೂಡುತ್ತಾನೆ, ಚಿತ್ರ ಅದನ್ನು ಅವಳು ಇವನಿಗೆ ಒಲಿಯಲು ಕಾರಣ ಮಾಡುತ್ತದೆ. ಇದನ್ನು ತಮಾಷೆ ಎಂದು ಒಪ್ಪಲು ನನ್ನಿಂದಾಗದು.

2014ರ ‘ನೇಬರ್ಸ್’ ಹೊತ್ತಿಗೆ ಬಿಲ್ಲು ಕಡೆಗೂ ಇವನ ಮನೆ ಬಾಗಿಲಿಗೆ ಬರುತ್ತದೆ. ಸಂಘದ ಅಧ್ಯಕ್ಷ ಟೆಡ್ಡಿ ಕೊನೆಗೆ ಬಟ್ಟೆ ಅಂಗಡಿಯ ಮುಂದೆ ಅಂಗಿಯಿಲ್ಲದೆ ನಿಂತು ಗಿರಾಕಿಗಳನ್ನು ಸ್ವಾಗತಿಸುವ ಕೆಲಸ ಹಿಡಿದಿರುತ್ತಾನೆ. ಆಗ ಅಲ್ಲಿಗೆ ಬರುವವನು ಮ್ಯಾಕ್. ಈ ಹುಡುಗರ ಗದ್ದಲಕ್ಕೆ ಮಗುವಿನ ನಿದ್ದೆಗೆಟ್ಟು ಚಿತ್ರವಿಡೀ ಒದ್ದಾಡಿದ ಪಕ್ಕದ ಮನೆಯ ಯಜಮಾನ. ಬೈಯುತ್ತಾನೇನೋ ಅಂದುಕೊಂಡರೆ, ತಾನೂ ಅಂಗಿ ಬಿಚ್ಚಿ, ಹೊಟ್ಟೆ ಬಿಟ್ಟುಕೊಂಡು ಅವನ ಪಕ್ಕದಲ್ಲೇ ನಿಲ್ಲುತ್ತಾನೆ.